ವಿನ್ನಿ ಓದಿ ಹೇಳುವ ಕಾಗದ

ಬ್ರೈಟನ್
ಭಾನುವಾರ, ೧೩ ಅಕ್ಟೋಬರ್ ೧೯೬೮

ಪ್ರೀತಿಯ ಕ್ಲಿಫ್,

ಕಾಗದ ತಡವಾಯಿತು. ಬೈಯುವುದಿದ್ದರೆ ಈಗಲೇ ಬೈದು ಮುಗಿಸು, ಆಮೇಲೆ ವಿನ್ನಿ ಮುಂದಕ್ಕೆ ಓದಲಿ. ಹೋದ ಭಾನುವಾರವೇ ಬರೆಯಲು ಕೂತಿದ್ದೆ. ಆದರೆ ನಮ್ಮ ತಂಡದಲ್ಲಿ ನೆಗಡಿ ಒಬ್ಬರಿಂದೊಬ್ಬರಿಗೆ ದಾಟುತ್ತಾ ಬಂದು ಕೊನೆಗೆ ನನ್ನ ಮೂಗಿನಲ್ಲೇ ಬಿಡಾರ ಹೂಡಿತು. ರಂಗದ ಮೇಲೆ ಸೀನುವ ಹಾಗಿಲ್ಲವಲ್ಲ, ಹಗಲೆಲ್ಲ ಮುಂಗಡವಾಗಿ ಸೀನಿಕೊಳ್ಳುವುದೇ ಒಂದು ಕೆಲಸವಾಯಿತು. ನಾನು ಇಳಿದುಕೊಂಡಿರುವ ಮನೆಯ ಒಡತಿ ಮಿಸೆಸ್ ಪೆಲ್ಲಿಂಗ್ ಹಾಲಿನಲ್ಲಿ ಈರುಳ್ಳಿ ಬೇಯಿಸಿ ಕುಡಿಸಿದಳು. ಅದು ಎಷ್ಟು ಕೆಟ್ಟದಾಗಿತ್ತೆಂದರೆ, ನೆಗಡಿಯೇ ಹೆದರಿ ಓಡಿಹೋಯಿತು. ಈಗ ಆರಾಮಾಗಿದ್ದೇನೆ.

ವಿನ್ನಿ, ನಿನಗೂ ನಮಸ್ಕಾರ ಕಣಮ್ಮ. ಕ್ಲಿಫ್‌ನ ಕಣ್ಣು ಹೋದಾಗಿನಿಂದ, ಅಂದರೆ ಎಂಟು ವರ್ಷದಿಂದ, ನಿನ್ನ ಮನೆಯ ಬಾಗಿಲು ಹಾಕಿಕೊಂಡು ಬಂದು ನಮ್ಮ ಒಲೆಯ ಪಕ್ಕ ಕೂತು ನನ್ನ ಕಾಗದಗಳನ್ನು ಅವನಿಗೆ ಓದಿ ಹೇಳುತ್ತಿದ್ದೀಯ. ಅವನು ಹೇಳಿದ್ದನ್ನು ಬರೆದು ನನಗೆ ಕಳಿಸುತ್ತಿದ್ದೀಯ. ಪಕ್ಕದ ಮನೆಯವಳು ಎನ್ನುವುದನ್ನು ಬಿಟ್ಟರೆ ನಿನಗೆ ನಮ್ಮ ಯಾವ ಋಣವೂ ಇರಲಿಲ್ಲ. ಇವತ್ತಿನ ಕಾಗದ ಉದ್ದ ಇದೆ, ಮೊದಲು ಚಹಾ ಮಾಡಿಕೋ. ಕ್ಲಿಫ್, ಶುಂಠಿ ಕೇಕಿನ ಡಬ್ಬಿಯನ್ನು ಕುರ್ಚಿಯ ಹಿಂದೆ ಬಚ್ಚಿಡಬೇಡ, ಅವಳಿಗೂ ಕೊಡು.

ಈಗ ಮುಖ್ಯ ಸಮಾಚಾರ. ಬರುವ ಶನಿವಾರ ಈ ನಾಟಕದ ಕೊನೆಯ ಆಟ. ಭಾನುವಾರ ನಾನು ಹ್ಯಾಲಿಫ್ಯಾಕ್ಸಿಗೆ, ನಮ್ಮ ಮನೆಗೆ ಬರುತ್ತೇನೆ. ಎಂದಿನಂತೆ ಒಂದು ವಾರ ಇದ್ದು ಹೋಗುವುದಕ್ಕಲ್ಲ. ಪೂರ್ತಿಯಾಗಿ ಬಂದೇಬಿಡುತ್ತೇನೆ.

"ಯಾಕೆ, ಓಡಿಸಿದ್ರಾ?" ಎಂದು ನೀನು ಈಗ ಕೇಳುತ್ತಿರುವುದು ನನಗೆ ಇಲ್ಲಿಗೇ ಕೇಳಿಸುತ್ತಿದೆ. ಯಾರೂ ಓಡಿಸಲಿಲ್ಲ. ಓಡಿಸುವ ಬದಲು ಹಿಡಿದುಕೊಳ್ಳಲು ನೋಡಿದರು. ಮಿಸ್ ಕ್ಯಾಸಲ್ ನಿನಗೆ ಗೊತ್ತಲ್ಲ. ಅವರು ರಾಣಿಯಾದರೆ ನಾನು ದಾದಿ, ಅವರು ವಿಧವೆಯಾದರೆ ನಾನು ಅಡುಗೆಯವಳು. ನಾಟಕದಲ್ಲೂ ಸಿನಿಮಾದಲ್ಲೂ ನಮ್ಮ ಜೋಡಿ ಹೀಗೇ ನಡೆದುಬಂದಿದೆ. ಬುಧವಾರ ಮಧ್ಯಾಹ್ನದ ಆಟ ಮುಗಿದ ಮೇಲೆ, ರಾಣಿಯ ಕಿರೀಟ ತೆಗೆಯದೆಯೇ, ಪೇಪರಿನಲ್ಲಿ ಸುತ್ತಿದ ಕರಿದ ಮೀನು, ಆಲೂಗಡ್ಡೆ ಹಿಡಿದುಕೊಂಡು ನನ್ನ ಕೋಣೆಗೆ ಬಂದರು.

"ಮೇಬಲ್, ಕ್ರಿಸ್ಮಸ್ ಆದ್ಮೇಲೆ ನಾಟಕ ನ್ಯೂಯಾರ್ಕಿಗೆ ಹೋಗುತ್ತೆ. ನಿನ್ನ ಹೆಸರು ಕೊಟ್ಟಾಯ್ತು. ಒಂದು ದಪ್ಪ ಕೋಟು ಹೊಲಿಸ್ಕೋ, ಅಲ್ಲಿ ಚಳಿ ಕೊಲ್ಲುತ್ತೆ," ಎಂದರು.

"ನಾನು ಬರಲ್ಲ ಮಿಸ್ ಕ್ಯಾಸಲ್."

"ಬರಲ್ಲ ಅಂದ್ರೆ ಏನೇ ಅರ್ಥ? ನ್ಯೂಯಾರ್ಕ್ ಕಣೇ! ಜನ ಅದಕ್ಕೋಸ್ಕರ ಹೆತ್ತ ತಾಯೀನೇ ಮಾರ್ತಾರೆ."

"ನಮ್ಮಮ್ಮ ಹೋಗಿ ಬಹಳ ವರ್ಷ ಆಯ್ತು. ಮಾರೋಕೆ ನನ್ನ ಹತ್ರ ಯಾರೂ ಇಲ್ಲ," ಎಂದೆ.

ನಕ್ಕರು. ಒಂದು ಆಲೂ ತುಂಡು ಬಾಯಿಗೆ ಹಾಕಿಕೊಂಡವರು ಅದನ್ನು ಅಗಿಯುವುದನ್ನೇ ಮರೆತು ನನ್ನನ್ನು ನೋಡಿದರು. "ಹಾಗಾದ್ರೆ ಎರಡನೇ ಅಂಕದಲ್ಲಿ ನಾನು ಯಾರ ಮುಖ ನೋಡಿ ಅಳಲಿ? ಮಿಕ್ಕವರೆಲ್ಲ ನನ್ನ ಮಾತು ಯಾವಾಗ ಮುಗಿಯುತ್ತೆ, ತಮ್ಮ ಸರದಿ ಯಾವಾಗ ಬರುತ್ತೆ ಅಂತ ಕಾಯ್ತಾ ನಿಂತಿರ್ತಾರೆ. ನಾನು ಹೇಳೋದನ್ನ ಕೇಳಿಸ್ಕೊಳ್ಳೋಳು ನೀನೊಬ್ಬಳೇ."

"ನಮ್ಮ ಮನೆಯವನು ಕಾಯ್ತಿದ್ದಾನೆ," ಎಂದೆ. ಅವರು ಮತ್ತೆ ಒತ್ತಾಯ ಮಾಡಲಿಲ್ಲ. ಮೀನಿನ ದೊಡ್ಡ ತುಂಡನ್ನು ನನ್ನ ಕಡೆ ತಳ್ಳಿದರು. ಅವರ ಮಟ್ಟಿಗೆ ಅದು ಬಹಳ ದೊಡ್ಡ ತ್ಯಾಗ.

ಕ್ಲಿಫ್, ಬಹುಮಾನ ಎಂದು ನನಗೆ ಈವರೆಗೆ ಯಾರೂ ಏನೂ ಕೊಟ್ಟಿರಲಿಲ್ಲ. ಕೊಟ್ಟಿದ್ದರೂ, ಕೇಳಿಸಿಕೊಳ್ಳುವವಳು ನೀನೊಬ್ಬಳೇ ಎಂದ ಅವರ ಆ ಮಾತಿಗಿಂತ ದೊಡ್ಡದಾಗಿರುತ್ತಿರಲಿಲ್ಲ.

ಮರುದಿನ ಇಲ್ಲಿನ ಪತ್ರಿಕೆಯವಳೊಬ್ಬಳು ಬಂದಳು. ಚಿಕ್ಕ ಹುಡುಗಿ, ಮೊಣಕಾಲಿಗಿಂತ ಬಹಳ ಮೇಲೆ ನಿಂತುಬಿಟ್ಟ ಲಂಗ. "ಇಡೀ ಜೀವನ ಸಣ್ಣಪುಟ್ಟ ಪಾತ್ರಗಳಲ್ಲೇ ಕಳೆದ್ರಲ್ಲ, ಬೇಜಾರಾಗಲಿಲ್ವಾ?" ಎಂದು ಕೇಳಿದಳು. ಕೇಳುವಾಗ ಅವಳಿಗೇ ಪಾಪ, ಸಂಕಟ. ನಾನು ಅವಳಿಗೆ ಬಿಸ್ಕತ್ತು ಕೊಟ್ಟು ಕೂರಿಸಿ ಹೇಳಿದೆ: ನಾನು ಬಂದದ್ದು ಮಗ್ಗದ ಶೆಡ್ಡಿನಿಂದ. ಹದಿನಾಲ್ಕಕ್ಕೆ ಅಮ್ಮನ ಪಕ್ಕದ ಮಗ್ಗಕ್ಕೆ ನಿಂತವಳು. ಅಲ್ಲಿ ಆ ಸದ್ದಿನಲ್ಲಿ ಕಿವಿ ಇದ್ದೂ ಪ್ರಯೋಜನವಿಲ್ಲ, ಹೆಂಗಸರೆಲ್ಲ ಒಬ್ಬರ ತುಟಿ ಒಬ್ಬರು ನೋಡಿಯೇ ಊರಿನ ಸುದ್ದಿಯೆಲ್ಲ ಆಡುತ್ತಿದ್ದರು. ಯಾರ ಗಂಡ ಕುಡಿದು ಬಂದ, ಯಾರಿಗೆ ದಿನ ತುಂಬಿದೆ, ಎಲ್ಲ ಮುಖದಲ್ಲೇ. ಮುಖ ನೋಡುವುದನ್ನು ಅಲ್ಲಿ ಕಲಿತೆ. ಹದಿನೇಳಕ್ಕೆ ಸ್ಕಾರ್ಬರೋದ ನಾಟಕ ತಂಡಕ್ಕೆ ಓಡಿಹೋದಾಗ ಕೊಟ್ಟ ಮೊದಲ ಮಾತು, "ಊಟ ತಯಾರಿದೆ ಅಮ್ಮಾವ್ರೇ." ಆ ಒಂದು ಮಾತಿಗೆ ಒಂದು ಬಿಳಿ ಏಪ್ರನ್, ಒಂದು ಟೋಪಿ, ಎದುರಿಗೆ ದೀಪ! ನಾಯಕಿಗೆ ತಲೆನೋವಾದರೂ ಆಟ ನಿಲ್ಲಬಹುದು, ನನಗೆ ಆದರೆ ಯಾರಿಗೂ ತಿಳಿಯುವುದಿಲ್ಲ. ಇಷ್ಟು ನಿಶ್ಚಿಂತೆಯ ಕೆಲಸ ಬೇರೆಲ್ಲಿದೆ ಮಗು, ಎಂದೆ.

ಅವಳು ನಕ್ಕು ಬರೆದುಕೊಂಡಳು. ಆಮೇಲೆ ನಾನು ಸಿನಿಮಾದಲ್ಲಿ ಮಾಡಿದ್ದನ್ನೆಲ್ಲ ಕೇಳಿದಳು. ಆಸ್ಪತ್ರೆಯ ದಾದಿ, ಬಾಡಿಗೆ ಮನೆಯ ಒಡತಿ, ಪೊಲೀಸಿನವನ ಹೆಂಡತಿ, ಬಸ್ಸಿಗೆ ಕಾಯುವ ಹೆಂಗಸು, ಮೊದಲ ಹತ್ತು ನಿಮಿಷದಲ್ಲೇ ಕೊಲೆಯಾಗುವ ಅಡುಗೆಯವಳು. ಎಷ್ಟು ಸಲ ಸತ್ತಿದ್ದೀರಿ ಎಂದಳು. ಲೆಕ್ಕ ಇಟ್ಟಿಲ್ಲ, ಪ್ರತಿ ಸಲವೂ ಊಟದ ಹೊತ್ತಿಗೆ ಎದ್ದಿದ್ದೇನೆ ಎಂದೆ.

ನಿನ್ನ ವಿಷಯ ಕೇಳಿದಾಗ ಬಾತುಕೋಳಿ ಕೊಬ್ಬಿನ ಕಥೆ ಹೇಳಿಬಿಟ್ಟೆ. ಸಿಟ್ಟಾಗಬೇಡ. ಯುದ್ಧದ ಕಾಲದಲ್ಲಿ ಕಾರ್ಖಾನೆಗಳ ಕ್ಯಾಂಟೀನಿನಲ್ಲಿ ಆಡುತ್ತಿದ್ದೆವಲ್ಲ, ಊಟದ ಬಿಡುವಿನಲ್ಲಿ, ಎಲೆಕೋಸಿನ ವಾಸನೆಯ ನಡುವೆ. ನೀವೆಲ್ಲ ಸೈನಿಕರ ಬಟ್ಟೆಗೆ ಖಾಕಿ ಬಣ್ಣ ಹಾಕುತ್ತಿದ್ದವರು, ಮೊಣಕೈವರೆಗೂ ಖಾಕಿಯಾಗಿ ಕೂತಿದ್ದಿರಿ. ನಾನು ಮುದುಕಿಯ ಪಾತ್ರ, ಆಟ ಪೂರ್ತಿ ಕೆಮ್ಮುವುದೇ ಕೆಲಸ. ಮರುದಿನ ಗೇಟಿನ ಹತ್ತಿರ ಉದ್ದನೆಯ ಮನುಷ್ಯನೊಬ್ಬ ತಗಡಿನ ಡಬ್ಬಿ ಹಿಡಿದು ನಿಂತಿದ್ದ.

"ಆ ಅಜ್ಜಿ ಎಲ್ಲಿ? ಎದೆ ಕಟ್ಟಿದೆ ಅವ್ರಿಗೆ. ನಮ್ಮಮ್ಮ ಈ ಕೊಬ್ಬನ್ನ ಎದೆಗೆ ಹಚ್ಚೋಕೆ ಕೊಟ್ಟಿದಾರೆ."

"ಅಜ್ಜಿ ನಾನೇ," ಎಂದೆ.

ಆಗ ನಿನ್ನ ಕಿವಿ ಕೆಂಪಾದದ್ದು ನನಗೆ ಇನ್ನೂ ಕಣ್ಣಿಗೆ ಕಟ್ಟಿದೆ. "ಹಂಗಾದ್ರೆ... ಇದು ನಿಮಗೆ ಬೇಡ್ವೇನೋ," ಎಂದು ನೀನು ಡಬ್ಬಿಯನ್ನು ಬೆನ್ನ ಹಿಂದೆ ಇಟ್ಟುಕೊಂಡೆ. "ಕೊಡಿ, ಮುಂದಕ್ಕೆ ಬೇಕಾಗುತ್ತೆ," ಎಂದೆ ನಾನು. ನನ್ನ ಜೀವನದಲ್ಲಿ ಯಾರೂ ಬರೆದುಕೊಡದೆ ನಾನೇ ಆಡಿದ ಅತ್ಯಂತ ಒಳ್ಳೆಯ ಮಾತು ಅದೇ ಇರಬೇಕು.

ಆದರೆ ಕ್ಲಿಫ್, ಅವಳಿಗೆ ಹೇಳದ ಒಂದು ಸಂಗತಿ ಇದೆ, ಅದನ್ನು ನಿನಗೇ ಹೇಳಬೇಕು. ಕಾರ್ಖಾನೆಯಲ್ಲಿ ಬಣ್ಣ ಕುದಿಯುವ ತೊಟ್ಟಿ ಸಿಡಿದು ನಿನ್ನ ಕಣ್ಣು ಹೋದಾಗ ನಾನು ಲಂಡನ್ನಿನಿಂದ ಓಡಿಬಂದೆ. ಆಸ್ಪತ್ರೆಯಿಂದ ನಿನ್ನನ್ನು ಮನೆಗೆ ಕರೆತಂದ ದಿನ ನಾನು ಪೆಟ್ಟಿಗೆ ಬಿಚ್ಚಿ ಬಟ್ಟೆಗಳನ್ನು ಬೀರುವಿಗೆ ಇಡುತ್ತಿದ್ದೆ. ನೀನು ಆ ಸದ್ದು ಕೇಳಿಸಿಕೊಂಡೆ.

"ಏನ್ ಮಾಡ್ತಿದೀಯ?"

"ಬಟ್ಟೆ ಎತ್ತಿಡ್ತಿದೀನಿ. ಇನ್ನು ಎಲ್ಲೂ ಹೋಗಲ್ಲ."

"ವಾಪಸ್ ತುಂಬು," ಎಂದೆ ನೀನು. "ಕಣ್ಣು ಹೋಗಿರೋದು ನನ್ನದು. ನಿಂಗೇನಾಗಿದೆ ರೋಗ? ನೀನು ಇಲ್ಲಿ ಕೂತು ನನ್ನನ್ನೇ ನೋಡ್ತಾ ನಿಟ್ಟುಸಿರು ಬಿಟ್ರೆ, ಕಾಣದೇ ಇರೋನಿಗೂ ಅದು ಕೇಳಿಸುತ್ತೆ. ಹೋಗು. ಹೋಗಿ ಕಾಗದ ಬರಿ. ನನಗೆ ಊರೂರಿನ ಸುದ್ದಿ ಬೇಕು."

ನಾನು ಅವತ್ತು ಅತ್ತೆ, ನೀನು ನೋಡಲಿಲ್ಲ. ಸುಮ್ಮನೆ ಬಟ್ಟೆ ವಾಪಸ್ ತುಂಬಿದೆ. ನನಗೆ ಸಿಕ್ಕ ಒಳ್ಳೆಯ ಪಾತ್ರಗಳೆಲ್ಲ ಈ ಎಂಟು ವರ್ಷದಲ್ಲೇ ಸಿಕ್ಕವು. ಅವುಗಳಲ್ಲಿ ಒಂದೂ ನನ್ನದಲ್ಲ, ನೀನು ಕೊಟ್ಟದ್ದು. ಇದನ್ನು ಎದುರಿಗೆ ಹೇಳಲು ಹೋದರೆ ನೀನು ಹಿತ್ತಿಲಿನ ಲೀಕ್ ಗಿಡಗಳ ಮಾತು ತೆಗೆಯುತ್ತೀಯ. ಅದಕ್ಕೇ ಬರೆದೆ. ಈಗ ವಿನ್ನಿ ಓದಿಬಿಟ್ಟಳು, ಇನ್ನು ತಪ್ಪಿಸಿಕೊಳ್ಳುವ ಹಾಗಿಲ್ಲ.

ನಮ್ಮೂರಿನ ಟಾಕೀಸಿನಲ್ಲಿ ನಾನು ದಾದಿಯಾಗಿ ಎರಡೇ ಮಾತಾಡಿದಾಗ ನೀನು ಕತ್ತಲಲ್ಲಿ ಎದ್ದುನಿಂತು "ನನ್ನ ಹೆಂಡ್ತಿ ಕಣ್ರೀ ಅವಳು!" ಎಂದು ಕೂಗಿದ್ದನ್ನು ವಿನ್ನಿ ಒಮ್ಮೆ ಬರೆದಿದ್ದಳು. ಮುಂದಿನ ಸಾಲಿನವರು ಮೊದಲು ಗದರಿ, ಆಮೇಲೆ ಚಪ್ಪಾಳೆ ತಟ್ಟಿದರಂತೆ. ಕೆಲಸ ಸಿಗದೆ ಕೂತ ತಿಂಗಳುಗಳಲ್ಲಿ ಆ ಸಾಲನ್ನು ಓದಿಕೊಂಡೇ ನಾನು ಬದುಕಿದ್ದು.

ಸ್ಟೇಷನ್ನಿಗೆ ಬರಬೇಡ, ರೈಲು ಭಾನುವಾರ ಯಾವಾಗ ತಲುಪುವುದೋ ಆ ದೇವರಿಗೇ ಗೊತ್ತು. ಹೊಸ ಉಣ್ಣೆಯ ಬನಿಯನ್ ಕಳಿಸಿದ್ದೆನಲ್ಲ, ಹಾಕಿಕೋ, ಚುಚ್ಚುತ್ತದೆ ಎನ್ನಬೇಡ. ಚರ್ಚಿನಲ್ಲಿ ಹಾಡುವಾಗ ಎತ್ತರದ ಸ್ವರಕ್ಕೆ ಹೋಗಿ ಗಂಟಲು ಕೆಡಿಸಿಕೊಳ್ಳಬೇಡ. ನನ್ನನ್ನು ಇಷ್ಟು ದೂರ ಕಳಿಸಿ, ಇಷ್ಟು ದಿನ ಕಾದ ನಿನ್ನನ್ನು ದೇವರು ತಣ್ಣಗಿಟ್ಟಿರಲಿ. ನಿನ್ನ ಪಕ್ಕ ಕೂತು ಇದನ್ನು ಓದುತ್ತಿರುವವಳನ್ನೂ.

ಯಾವಾಗಲೂ ನಿನ್ನವಳೇ ಆದ,
ಮೇಬಲ್

ತಾ.ಕ. (ವಿನ್ನಿಗೆ ಮಾತ್ರ)

ವಿನ್ನಿ, ಈ ಹಾಳೆಯನ್ನು ಬೇರೆಯಾಗಿ ಮಡಚಿ ಮೇಲೆ ನಿನ್ನ ಹೆಸರು ಬರೆದಿದ್ದೇನೆ. ಇದನ್ನು ಕ್ಲಿಫ್‌ಗೆ ಓದಬೇಡ. ನಿನ್ನ ಮನೆಗೆ ಹೋಗಿ ಓದಿಕೋ.

ಆಗಸ್ಟಿನಲ್ಲಿ ನಾನು ಬಂದಿದ್ದೆನಲ್ಲ. ಬಂದ ಮರುದಿನ, ನೀನು ಬರುವ ಮುಂಚೆ, ನಾನೇ ಅವನಿಗೆ ಪತ್ರಿಕೆ ಓದಲು ಕೂತೆ. ಕ್ರಿಕೆಟ್ಟಿನ ಸುದ್ದಿ. ಸ್ವಲ್ಪ ಹೊತ್ತು ಕೇಳಿದ. ಆಮೇಲೆ ಬಹಳ ಮರ್ಯಾದೆಯಿಂದ, "ಸಾಕು ಬಿಡು ಮೇಬಲ್, ದಣಿದಿರ್ತೀಯ. ವಿನ್ನಿ ಬಂದು ಓದ್ತಾಳೆ," ಎಂದ. ದಣಿವೇನೂ ಇಲ್ಲ ಎಂದೆ. "ಅದಲ್ಲ. ನೀನು ಓದಿದ್ರೆ ಚೆನ್ನಾಗಿರುತ್ತೆ, ತುಂಬಾನೇ ಚೆನ್ನಾಗಿರುತ್ತೆ. ಟಿಕೆಟ್ ತಗೊಂಡು ನಾಟಕಕ್ಕೆ ಕೂತ ಹಾಗಿರುತ್ತೆ." ಮತ್ತೆ ಮೆಲ್ಲಗೆ, "ಕಾಗದದಲ್ಲಿ ನೀನು ಹೀಗೆ ಮಾತಾಡಲ್ಲ. ಅಲ್ಲಿ ನಮ್ಮ ಮೇಬಲ್ ಥರ ಮಾತಾಡ್ತೀಯ," ಎಂದ.

ಅಷ್ಟರಲ್ಲಿ ನೀನು ಬಾಗಿಲು ತಟ್ಟಿದೆ. ಅವನ ಮುಖ ಬಾಗಿಲ ಕಡೆ ತಿರುಗಿತು. ನೋಡಬಾರದು ಎಂದುಕೊಂಡರೂ ನಾನು ಅದನ್ನು ನೋಡಿಬಿಟ್ಟೆ.

ನನಗೆ ನಿಮ್ಮಿಬ್ಬರ ಮೇಲೆ ಯಾವ ಸಂಶಯವೂ ಇಲ್ಲ ವಿನ್ನಿ, ಸಿಟ್ಟೂ ಇಲ್ಲ. ನಾನು ಬರೆದ ಒಂದು ಪದವನ್ನೂ ನೀನು ಕಡಿಮೆ ಮಾಡದೆ ಅವನಿಗೆ ತಲುಪಿಸಿದೆ. ಆದರೆ ಅವನಿಗೆ ಇಷ್ಟು ವರ್ಷವೂ ಮೇಬಲ್ ಎಂದರೆ ನನ್ನ ಮಾತು, ನಿನ್ನ ದನಿ. ಈಗ ಬರುವವಳಿಗೆ ಆ ದನಿ ಇಲ್ಲ. ನ್ಯೂಯಾರ್ಕ್ ಬೇಡ ಎಂದದ್ದು ಅದಕ್ಕೇ. ಇನ್ನೊಂದು ವರ್ಷ ಬಿಟ್ಟು ಬಂದರೆ ಅವನ ಮನೆಗೆ ಬಂದ ಯಾರೋ ಒಳ್ಳೆಯ ಹೆಂಗಸಾಗಿ ಉಳಿದುಬಿಡುತ್ತೇನೆ.

ಆ ವಾರವೆಲ್ಲ ನಾನು ಸಹಜವಾಗಿ ಮಾತಾಡಲು ನೋಡಿದೆ. ಸಹಜವಾಗಿ ಮಾತಾಡುವ ಹೆಂಗಸೊಬ್ಬಳ ಪಾತ್ರ ಮಾಡುತ್ತಿರುವಂತೆ ನನಗೇ ಕೇಳಿಸಿತು.

ಅದಕ್ಕೆ ಒಂದು ಬೇಡಿಕೆ. ನಾನು ಬಂದೆನೆಂದು ನೀನು ಬರುವುದನ್ನು ನಿಲ್ಲಿಸಬೇಡ. ಸಂಕೋಚಪಟ್ಟು ಕಿಟಕಿಯಿಂದ ಕೈಬೀಸಿ ಹೋಗಬೇಡ. ಎಂದಿನಂತೆ ಬಂದು ಓದು. ನಾನು ಮೂಲೆಯಲ್ಲಿ ಕೂತಿರುತ್ತೇನೆ. ನೀನು ಎಲ್ಲಿ ನಿಲ್ಲಿಸುತ್ತೀಯ, ಎಲ್ಲಿ ಉಸಿರು ತೆಗೆದುಕೊಳ್ಳುತ್ತೀಯ, ಅವನು ಎಲ್ಲಿ ನಗುತ್ತಾನೆ ಎಂದು ನೋಡಬೇಕು. ನನ್ನ ಗಂಡನ ಹತ್ತಿರ ನನ್ನ ಹಾಗೆ ಮಾತಾಡುವುದು ಹೇಗೆಂದು ನನಗೆ ಹೇಳಿಕೊಡು ವಿನ್ನಿ. ನಾನು ಬೇಗ ಕಲಿಯುತ್ತೇನೆ, ಎಲ್ಲರೂ ಹಾಗೇ ಹೇಳುತ್ತಾರೆ.