ಕುರ್ಚಿಗೆ ಕಟ್ಟಿದವನು

ಅಕ್ಟೋಬರ್ ೧೪, ೧೯೮೭, ಬುಧವಾರ. ಬ್ರೂಕ್ಲಿನ್.

ಸಿಟ್ಟು ಇನ್ನೂ ಇಳಿದಿಲ್ಲ. ಇಷ್ಟು ವರ್ಷ ನಾನೇ ಚಿತ್ರ ಬರೆದು ಬೆಳೆಸಿದ ಕಾಮಿಕ್ ಪುಸ್ತಕದ ನಾಯಕ ಹಾರ್ಬರ್‌ಮ್ಯಾನ್ ಈ ಸಂಚಿಕೆಯಲ್ಲಿ, ಕುರ್ಚಿಗೆ ಕಟ್ಟಿಹಾಕಿದವನ ಬೆರಳು ಮುರಿದು ಬಾಯಿ ಬಿಡಿಸಬೇಕಂತೆ. ಅದು ಖಳನಾಯಕ ಮಾಡುವ ಕೆಲಸ!

ಸಂಪಾದಕ ಬ್ರಾಡ್‌ಸ್ಕಿ ನಕ್ಕ. "ನಿನ್ ಹೀರೋ ತೀರಾ ಸಾಧು ಆಗ್ಬಿಟ್ಟ, ಲೆನೋರಾ. ಓದೋರಿಗೆ ಸ್ವಲ್ಪ ರಕ್ತ ಬೇಕು."

"ಕಟ್ಟಿಹಾಕಿದವನನ್ನ ಹೊಡೆಯೋನು ಯಾವ ಸೀಮೆ ಹೀರೋ?"

"ಅವನು ಕಳ್ಳ ತಾನೇ? ಬಿಡು."

ನನ್ನ ತಮ್ಮ ಡ್ವೈಟ್‌ನನ್ನು ಠಾಣೆಯಲ್ಲಿ ಕುರ್ಚಿಗೆ ಕಟ್ಟಿ ಹೊಡೆದವರೂ ಹೀಗೇ ಅಂದಿದ್ದರು. ಅವರು ಹುಡುಕುತ್ತಿದ್ದ ಕಳ್ಳ ಬೇರೆಯವನೆಂದು ಆಮೇಲೆ ಗೊತ್ತಾಯಿತು. ಡ್ವೈಟ್‌ಗೆ ಇವತ್ತಿಗೂ ತನ್ನ ಅಂಗಿಯ ಗುಂಡಿ ಹಾಕಿಕೊಳ್ಳಲಾಗುವುದಿಲ್ಲ. ಅವನಿಗಾಗಿಯೇ ನಾನು ಹಾರ್ಬರ್‌ಮ್ಯಾನ್‌ನನ್ನು ಹುಟ್ಟಿಸಿದ್ದು.

"ನಾನು ಬರೆಯಲ್ಲ," ಅಂದೆ.

"ನೀನಲ್ದಿದ್ರೆ ಇನ್ನೊಬ್ಬ ಬರೀತಾನೆ. ಹಾರ್ಬರ್‌ಮ್ಯಾನ್ ಕಂಪನಿ ಸೊತ್ತು, ನಿನ್ನದಲ್ಲ."

ಕುಂಚಗಳನ್ನು ಚೀಲಕ್ಕೆ ತುಂಬಿಕೊಂಡು, ಬಾಗಿಲನ್ನು ದಢಾರನೆ ಎಳೆದು ಹೊರಬಂದೆ. ಕೆಲಸ ಹೋಯಿತು. ಅದಕ್ಕಲ್ಲ ಈ ಉರಿ.

ಊಟಕ್ಕೆ ಕೂತಾಗ ಡ್ವೈಟ್ ಎಂದಿನಂತೆ ಕೇಳಿದ: "ಅಕ್ಕಾ, ಈ ತಿಂಗಳು ಯಾರನ್ನ ಕಾಪಾಡ್ತಾನೆ ನಮ್ಮೋನು?"

ನಮ್ಮೋನು ಅಂದ. ನಾನು ಅವನ ತಟ್ಟೆಗೆ ಇನ್ನಷ್ಟು ಬಡಿಸಿದೆ. ಮುಂದಿನ ತಿಂಗಳು ಅಂಗಡಿಯಲ್ಲಿ ಆ ಪುಸ್ತಕ ಅವನ ಕಣ್ಣಿಗೆ ಬಿದ್ದರೆ, ಆ ಕುರ್ಚಿ, ಆ ಬೆರಳು ನೋಡಿದರೆ, ಅವನಿಗೆ ನಾನು ಏನಂತ ಹೇಳಲಿ?