ಗುಂಡ್ಲುಪೇಟೆ ಆದ ಮೇಲಿನ ಸ್ಟಾಪು

ಗುಂಡ್ಲುಪೇಟೆ
೧೮ ಆಗಸ್ಟ್ ೨೦೨೪, ಭಾನುವಾರ

ಪ್ರೀತಿಯ ಮಲ್ಲಿ,

ನಿನ್ನ ಕಾಗದ ಬಂದು ತಿಂಗಳ ಮೇಲಾಯಿತು. ಫ್ರಿಜ್ಜಿನ ಮೇಲಿಟ್ಟುಕೊಂಡು ದಿನಾ ನೋಡುವುದು, ದಿನಾ ನಾಳೆ ಬರೆದರಾಯಿತು ಅನ್ನುವುದು, ಇದೇ ಆಗಿಹೋಯಿತು. ಬೈಯುವುದಿದ್ದರೆ ಬೈದುಬಿಡು, ತಯಾರಾಗಿಯೇ ಕೂತಿದ್ದೇನೆ. ಕುದೇರಿನಲ್ಲಿ ನೀನು, ನಿನ್ನ ಮೊಣಕಾಲು, ನಿನ್ನ ಬಸುರಿ ಸೊಸೆ ಎಲ್ಲರೂ ಚೆನ್ನಾಗಿದ್ದೀರಿ ಅಂದುಕೊಂಡಿದ್ದೇನೆ. ನಾವೂ ಚೆನ್ನಾಗಿದ್ದೇವೆ. ಬಾಯಿಮಾತಿಗೆ ಹೇಳುತ್ತಿಲ್ಲ, ನಿಜವಾಗಿಯೂ ಚೆನ್ನಾಗಿದ್ದೇವೆ.

ಫೋನ್ ಇರುವಾಗ ಈ ಮುದುಕಿಯರಿಗೆ ಕಾಗದದ ಚಟ ಯಾಕೆ ಅಂತ ನಿನ್ನ ಸೊಸೆ ನಕ್ಕಳಂತಲ್ಲ, ಅವಳಿಗೆ ಕಾರಣ ಹೇಳು. ನಮ್ಮ ಮನೆಯವರು ಇಡೀ ದಿನ ನನ್ನ ಪಕ್ಕದಲ್ಲೇ ಕೂತಿರುತ್ತಾರೆ. ಸ್ಟ್ರೋಕ್ ಆಗಿ ಅವರ ಮಾತು ನಿಂತಿದೆಯೇ ಹೊರತು ಕಿವಿ ನಿಂತಿಲ್ಲ. ನಾವು ಆಡುವುದೆಲ್ಲ ಅವರಿಗೆ ಅರ್ಥವಾಗುತ್ತದೆ. ಮೊನ್ನೆ ನಾನು ಪಕ್ಕದ ಮನೆಯವಳ ಹತ್ತಿರ, ಇವರಿಗೆ ಉಪ್ಪು ಕಮ್ಮಿ ಮಾಡಿದ್ದೇನೆ, ಗೊತ್ತೇ ಆಗಿಲ್ಲ ಅಂದೆ. ಒಳಗಿನಿಂದ ತಟ್ಟೆ ಸರಿಸಿದ ಸದ್ದು ಕೇಳಿಸಿತು. ಅಂಥವರನ್ನು ಎದುರಿಗೆ ಕೂರಿಸಿಕೊಂಡು ಅವರ ವಿಷಯ ನಿನ್ನ ಹತ್ತಿರ ಫೋನಿನಲ್ಲಿ ಹೇಗೆ ಆಡಲಿ?

ನೀನು ಕೇಳಿದ್ದೆ, "ನಿಮ್ಮೆಜಮಾನ್ರು ನಿನ್ನೇ ಮರ್ತ್‌ಬುಟ್ಟವ್ರಂತೆ, ನಿಜವೇನೆ?" ಅಂತ. ಸುದ್ದಿ ಕುದೇರಿನವರೆಗೂ ಹೋಗಿದೆ ಅಂತಾಯಿತು. ಮೊದಲಿನಿಂದ ಹೇಳುತ್ತೇನೆ ಕೇಳು.

ಜನವರಿಯಲ್ಲಿ ಆದದ್ದು ನಿನಗೆ ಗೊತ್ತೇ ಇದೆ. ಮೈಸೂರಿನ ಆಸ್ಪತ್ರೆಯಲ್ಲಿ ಹನ್ನೆರಡು ದಿನ ಇದ್ದೆವು. ಬಲಗೈ ಬಲಗಾಲು ನಿಧಾನಕ್ಕೆ ಬಂದವು, ಮಾತು ಮಾತ್ರ ಬರಲಿಲ್ಲ. ಮೂವತ್ತೊಂದು ವರ್ಷ ಚಾಮರಾಜನಗರ–ಗುಂಡ್ಲುಪೇಟೆ ಪ್ರೈವೇಟ್ ಬಸ್ಸಿನಲ್ಲಿ ಕಂಡಕ್ಟರ್ ಆಗಿ ಕೂಗಿದ ಗಂಟಲು ಅದು. ಸುಮ್ಮನಾದಾಗ ಮನೆಯೇ ಬಿಕೋ ಅನ್ನಿಸಿತು.

ಅಲ್ಲಿ ಮಾತು ಕಲಿಸುವ ರೂಪಶ್ರೀ ಮೇಡಂ ಅಂತ ಒಬ್ಬಳು, ಚಿಕ್ಕ ಹುಡುಗಿ. ಮನೆಗೆ ಬಂದ ಮೇಲೂ ವಾರಕ್ಕೊಮ್ಮೆ ಅವಳ ಹತ್ತಿರ ಹೋಗುತ್ತಿದ್ದೆವು. ಮೊದಲ ದಿನ ಇವರಿಗೆ ಪರೀಕ್ಷೆ ಮಾಡಿದಳು. ಬೀಗದ ಕೈ ತೋರಿಸಿದಳು, ಇವರು ಕೈ ತಿರುಗಿಸಿ ತೋರಿಸಿದರು. ಲೋಟ ತೋರಿಸಿದಳು, ಕುಡಿಯುವ ಹಾಗೆ ಮಾಡಿದರು. ಆಮೇಲೆ ನನ್ನನ್ನು ತೋರಿಸಿ, "ಇವರು ಯಾರು ಸರ್? ಹೆಸರು ಹೇಳಿ" ಅಂದಳು. ಬಾಯಿ ತೆರೆದರು, ಗಂಟಲು ಅಲ್ಲಾಡಿತು, ಏನೂ ಬರಲಿಲ್ಲ. ನನ್ನ ಸೆರಗಿನ ತುದಿ ಹಿಡಿದುಕೊಂಡು ಹಾಗೇ ಕೂತರು. ಅವಳು ಹಾಳೆಯಲ್ಲಿ, ಹೆಂಡತಿಯ ಹೆಸರು ಹೇಳಲಿಲ್ಲ ಅಂತ ಬರೆದುಕೊಂಡಳು. ನೋಡಲು ಬಂದ ನೆಂಟರು ಅದನ್ನೇ ಹೆಂಡತಿಯ ಗುರುತೇ ಇಲ್ಲ ಅಂತ ಮಾಡಿ ಊರೂರಿಗೆ ಹಂಚಿದರು.

ಮಲ್ಲಿ, ಮೂವತ್ತೆಂಟು ವರ್ಷದಲ್ಲಿ ಅವರು ನನ್ನ ಹೆಸರು ಹೇಳಿದ್ದು ಒಂದೇ ಸಲ. ಮದುವೆಯ ದಿನ ಹೆಸರು ಹೇಳದೆ ಒಳಗೆ ಬಿಡುವುದಿಲ್ಲ ಅಂತ ಬಾಗಿಲಿಗೆ ಅಡ್ಡ ನಿಂತವಳು ನೀನೇ, ಮರೆತೆಯಾ? ಅವತ್ತು ತುಟಿಯೊಳಗೇ ಏನೋ ಅಂದು ಒಳಗೆ ನುಗ್ಗಿದರು. ಆಮೇಲೆ ನಾನು ಅವರಿಗೆ 'ಅಮ್ಮಿ'. ಸಂಜೆ ಕೊನೇ ಟ್ರಿಪ್ ಮುಗಿಸಿ ಬಂದರೆ ಗೇಟಿನಿಂದಲೇ "ಇದ್ದಿಯಾ ಅಮ್ಮಿ?" ಅಂತ ಅವರು, "ಇಲ್ದೆ ಎಲ್ಲಿಗೋಗ್ಲಿ?" ಅಂತ ಒಳಗಿನಿಂದ ನಾನು. ಕೆಲಸ ಬಿಟ್ಟ ಮೇಲೂ ಸಂಜೆ ಬಸ್ ಸ್ಟ್ಯಾಂಡಿಗೆ ಹೋಗಿ ಬಂದು ಹಾಗೇ ಕೂಗುತ್ತಿದ್ದರು. ಇದನ್ನು ಆ ಮೇಡಂಗೆ ಅವತ್ತೇ ಹೇಳಬಹುದಿತ್ತು. ಮೂರು ವಾರ ನಾನು ಬಾಯಿ ಬಿಡಲಿಲ್ಲ.

ಕೊನೆಗೆ ಅವಳೇ ನನಗೆ, "ನೀವೇ ಒಂದು ಸಲ ಅವರನ್ನ ಹೆಸರು ಹಿಡಿದು ಕರೀರಿ" ಅಂದಳು. ನಾನು ಮಗನ ಮುಖ ನೋಡಿದೆ. ದಿಲೀಪ, "ಅವ್ವ ಹೇಳಲ್ಲ ಮೇಡಂ. ಅಪ್ಪಾನೂ ಅವ್ವನ್ ಹೆಸ್ರು ಹೇಳಲ್ಲ. ನಮ್ಮ ಕಡೆ ಹಂಗೇಯ" ಅಂದ. ಅವಳು ನಕ್ಕು, "ಹಾಗಾದ್ರೆ ಈ ಪರೀಕ್ಷೆಯಲ್ಲಿ ನಿಮಗೂ ಸೊನ್ನೆ ಅಮ್ಮ" ಅಂದಳು. ಹಾಳೆಯಲ್ಲಿ ಬರೆದದ್ದನ್ನು ಹೊಡೆದುಹಾಕಿದಳು.

ಆವತ್ತು ಅವಳು ಬಿಡಿಸಿ ಹೇಳಿದಳು. ಬಹಳ ಜನರಿಗೆ ಮಾತಿನ ಕೆಲಸ ಹೆಚ್ಚಾಗಿ ಮೆದುಳಿನ ಎಡಭಾಗದ್ದಂತೆ. ಕೇಳಿದ್ದನ್ನು ಅರ್ಥ ಮಾಡಿಕೊಳ್ಳುವುದಕ್ಕೆ ಮುಖ್ಯವಾದ ಜಾಗ ಒಂದು ಕಡೆ, ಮಾತು ಜೋಡಿಸಿ ನಾಲಿಗೆಗೆ ದಾಟಿಸುವುದಕ್ಕೆ ಇನ್ನೊಂದು ಕಡೆ. ಇವರಿಗೆ ಪೆಟ್ಟಾಗಿರುವುದು ಹೆಚ್ಚಾಗಿ ಎರಡನೆಯದಕ್ಕೆ. "ಮಾತು ಒಳಗೇ ಇದೆ ಅಮ್ಮ, ಹೊರಗೆ ಬರೋ ರಸ್ತೆ ಕೆಟ್ಟಿದೆ" ಅಂದಳು. ಹಾಡು, ಎಣಿಕೆ, ಸಾವಿರ ಸಲ ಹೇಳಿ ರೂಢಿಯಾದ ಸಾಲು, ಇವು ಎಷ್ಟೋ ಸಲ ಬೇರೆ ದಾರಿ ಹಿಡಿದು ಬಂದುಬಿಡುತ್ತವಂತೆ. ನಾನು ಮನಸ್ಸಿನಲ್ಲೇ, ಇವರು ಜನ್ಮದಲ್ಲಿ ಹಾಡಿದವರಲ್ಲ, ಯಾವ ದಾರಿ ಹುಡುಕುವುದು ಅಂದುಕೊಂಡೆ.

ದಾರಿ ತೋರಿಸಿದ್ದು ಡ್ರೈವರ್ ರಂಗಸ್ವಾಮಿ. ಇವರ ಜೊತೆ ಅದೇ ಬಸ್ಸು ಓಡಿಸಿದವರು. ಮೇ ತಿಂಗಳಲ್ಲಿ ನೋಡಲು ಬಂದರು, ಅತ್ತರು, ಕಾಫಿ ಕುಡಿದರು. ಎದ್ದು, "ಬತ್ತೀನಿ ಕಣಣ್ಣ" ಅಂದರು. ಇವರು ಎಡಗೈಯಿಂದ ಕುರ್ಚಿಯ ಕೈ ಬಡಿದು, "ರೈಟ್, ರೈಟ್" ಅನ್ನಬೇಕೇ! ನಾಲ್ಕು ತಿಂಗಳಲ್ಲಿ ಮೊದಲ ಮಾತು. ನನ್ನ ಕೈಯಲ್ಲಿದ್ದ ಲೋಟ ಬಿತ್ತು. ರಂಗಸ್ವಾಮಿ ತಿರುಗಿ ಕೂತು, ಸ್ಟೇರಿಂಗ್ ಹಿಡಿದ ಹಾಗೆ ಕೈ ಇಟ್ಟು, "ಕೂಗಣ್ಣ, ಚಾಮ್ರಾಜ್‌ನಗ್ರ..." ಅಂತ ಎಳೆದರು. ಇವರು ಅದೇ ಹಳೇ ರಾಗದಲ್ಲಿ, "ಉಡಿಗಾಲ, ತೆರ್ಕಣಾಂಬಿ, ಗುಂಡ್ಲುಪ್ಯಾಟೆ ಗುಂಡ್ಲುಪ್ಯಾಟೆ ಗುಂಡ್ಲುಪ್ಯಾಟೆ" ಅಂತ ಒಂದೇ ಉಸಿರಿಗೆ ಕೂಗಿದರು. ಖುಷಿಯಲ್ಲಿ ನಾನು, ಈಗ ಉಡಿಗಾಲ ಒಂದೇ ಅನ್ನಿ ಅಂದೆ. ಆಗಲಿಲ್ಲ. ಬಸ್ಸು ಚಾಮರಾಜನಗರದಿಂದಲೇ ಹೊರಡಬೇಕು, ಮಧ್ಯದಲ್ಲಿ ಹತ್ತಿಸಿಕೊಳ್ಳುವುದಿಲ್ಲ.

ಮೇಡಂಗೆ ಫೋನ್ ಮಾಡಿದರೆ ಅವಳು ಕುಣಿದಾಡಿದಳು. "ಆ ರಾಗ ಬಿಡಬೇಡಿ. ಕೊನೇ ಸ್ಟಾಪ್ ಆದಮೇಲೆ ಒಂದೇ ಒಂದು ಹೊಸ ಮಾತು ಸೇರಿಸಿ" ಅಂದಳು. ಯಾವ ಮಾತು ಅಂದಿದ್ದಕ್ಕೆ ದಿಲೀಪ ನನ್ನ ಕಡೆ ಕೈ ತೋರಿಸಿದ. ನಾಚಿಕೆಯಾಯಿತು ಕಣೇ. ಆದರೂ ಬೇಡ ಅನ್ನಲಿಲ್ಲ.

ಎರಡೂವರೆ ತಿಂಗಳು ದಿನಾ ಎರಡು ಟ್ರಿಪ್. ತಿಂಡಿ ಆದಮೇಲೆ ಒಂದು, ಸಂಜೆ ಒಂದು. ನಾನು ಚಾಮರಾಜನಗರ ಅನ್ನುವುದು, ಇವರು ಕೂಗಿಕೊಂಡು ಬರುವುದು, ಗುಂಡ್ಲುಪೇಟೆಯಲ್ಲಿ ನಿಂತುಬಿಡುವುದು. ಮುಂದಕ್ಕೆ ಇಂಜಿನ್ನೇ ಎಳೆಯದು. ಬೆವರುತ್ತಿದ್ದರು, ಸಿಟ್ಟಾಗುತ್ತಿದ್ದರು, ಒಂದು ದಿನ ಟವೆಲ್ ಬಿಸಾಕಿದರು. ನಾನೂ ಒಂದೆರಡು ದಿನ ಅಡುಗೆಮನೆಯಲ್ಲಿ ನಿಂತು ಅತ್ತೆ. ಹೋದ ಶುಕ್ರವಾರ ಸಂಜೆ ರಂಗಸ್ವಾಮಿಯೂ ಇದ್ದರು. ಗುಂಡ್ಲುಪೇಟೆ ಆಯಿತು, ಇವರು ನಿಂತರು, ನನ್ನನ್ನೇ ನೋಡಿದರು. "ಶಿ..." ಅಂದರು. ಆಮೇಲೆ ಅದೇ ರಾಗದಲ್ಲಿ, "ಶಿವ್‌ರುದ್ರಮ್ಮಾ ಶಿವ್‌ರುದ್ರಮ್ಮಾ ಶಿವ್‌ರುದ್ರಮ್ಮಾ!" ಬೀದಿಗೆಲ್ಲ ಕೇಳಿಸಿರಬೇಕು. ದಿಲೀಪ ಪಕ್ಕದ ಗ್ಯಾರೇಜಿನಿಂದ ಗ್ರೀಸ್ ಕೈಯಲ್ಲೇ ಓಡಿಬಂದ. ರಂಗಸ್ವಾಮಿ, "ಇಳ್ಕೊಳಕ್ಕ, ನಿನ್ ಸ್ಟಾಪ್ ಬಂತು" ಅಂದರು. ಎಲ್ಲರೂ ನಕ್ಕೆವು. ಅವರೂ ನಕ್ಕರು ಮಲ್ಲಿ, ಬಾಯಿ ಸ್ವಲ್ಪ ಸೊಟ್ಟಗೇ.

ನಿನ್ನೆಯಿಂದ ಬಸ್ಸು ತೆರಕಣಾಂಬಿಯಿಂದಲೂ ಹೊರಡುತ್ತಿದೆ. ಇವತ್ತು ಬೆಳಿಗ್ಗೆ ನೀರು ಬೇಕಾಗಿ ಬರೀ "ಗುಂಡ್ಲುಪ್ಯಾಟೆ ಶಿವ್‌ರುದ್ರಮ್ಮಾ" ಅಂದರು. ಗುಂಡ್ಲುಪೇಟೆಯಲ್ಲಿ ಇನ್ನೆಷ್ಟು ಶಿವರುದ್ರಮ್ಮರು ಇದ್ದಾರೋ, ನಾನಂತೂ ಓಡಿದೆ.

ರಸ್ತೆಯ ಪಕ್ಕ ಚೆಂಡುಹೂ ಇನ್ನೂ ಇದೆ, ಕೇರಳದವರು ಕಾರು ನಿಲ್ಲಿಸಿ ಫೋಟೋ ತೆಗೆಯುತ್ತಾರೆ. ಮೊಣಕಾಲು ಒಪ್ಪಿದರೆ ನೀನೂ ಬಾ. ನಿನ್ನ ಸೊಸೆಗೆ ಸುಖವಾಗಿ ಹೆರಿಗೆಯಾಗಲಿ, ಹುಟ್ಟುವ ಕೂಸು ಬಾಯಿತುಂಬ ಮಾತಾಡಲಿ.

ನಿನ್ನ
ರುದ್ರಿ

ಮರೆತ ಮಾತು: ಮರೆತದ್ದಲ್ಲ, ಮೇಲೆ ಬರೆಯಲಾಗಲಿಲ್ಲ. ಸ್ಟ್ರೋಕ್ ಆದ ದಿನ ಬೆಳಿಗ್ಗೆ ರೇಷನ್ ಕಾರ್ಡಿನ ಕೆಲಸಕ್ಕೆ ತಾಲ್ಲೂಕು ಆಫೀಸಿಗೆ ಹೋಗಿದ್ದೆವು. ಹೆಂಡತಿ ಹೆಸರೇನು ಅಂದರೆ ಇವರು, "ಅವ್ಳನ್ನೇ ಕೇಳಿ" ಅಂದರು. ಅಲ್ಲಿದ್ದವರೆಲ್ಲ ನಕ್ಕರು. ನನಗೆ ಎಲ್ಲಿಲ್ಲದ ಸಿಟ್ಟು ಬಂತು. ಮನೆಗೆ ಬಂದು, "ಹೆಸ್ರಿಡಿದು ಕರಿಯೋಗಂಟ ನಾನು ಓಗೊಡಾಕಿಲ್ಲ" ಅಂದುಬಿಟ್ಟೆ. ಸಂಜೆ ಗೇಟಿನ ಹತ್ತಿರ "ಇದ್ದಿಯಾ ಅಮ್ಮಿ?" ಅಂದರು. ಅವರೆಕಾಯಿ ಸುಲಿಯುತ್ತಾ ಕೂತಿದ್ದೆ, ಏಳಲಿಲ್ಲ. ಇನ್ನೊಂದು ಸಲ ಕರೆದರು. ಮೂರನೇ ಸಲ ನಾಲಿಗೆ ತೊದಲಿತು. ನನ್ನನ್ನು ಅಣಕಿಸುತ್ತಿದ್ದಾರೆ ಅಂದುಕೊಂಡು ಮೊರದಲ್ಲಿದ್ದ ಕಾಯಿಯನ್ನೆಲ್ಲ ಸುಲಿದು ಮುಗಿಸಿದೆ. ಅರ್ಧ ಗಂಟೆಯ ಮೇಲೆ ದಿಲೀಪ ಬಂದು ನೋಡಿದರೆ ಗೇಟಿನ ಹತ್ತಿರ ಬಿದ್ದಿದ್ದರು. ಎಷ್ಟು ಹೊತ್ತಾಯಿತು ಅಂತ ಡಾಕ್ಟರು ಕೇಳಿದಾಗ, ಈಗ ತಾನೇ ಅಂದೆ. ಇದು ನಿನ್ನೊಬ್ಬಳಿಗೇ ಗೊತ್ತಿರಲಿ. ಅವರಿಗೆ ಆ ಸಂಜೆ ನೆನಪಿದೆಯೋ ಇಲ್ಲವೋ, ಕೇಳುವ ಧೈರ್ಯ ನನಗಿಲ್ಲ. ಈಗ ಹೆಸರು ಹಿಡಿದೇ ಕರೆಯುತ್ತಾರೆ. ಕರೆದಾಗಲೆಲ್ಲ ಕೈಯಲ್ಲಿರುವುದನ್ನು ಹಾಗೇ ಬಿಟ್ಟು, "ಇದ್ದೀನಿ, ಇಲ್ಲೇ ಇದ್ದೀನಿ" ಅಂತ ಓಡುತ್ತೇನೆ.