ಬೆನ್ನಿಗೆ ಅಂಟಿಸಿದ ರಸೀದಿ

ಜೂನ್ ೧೨, ಗುರುವಾರ

ಪ್ರೀತಿಯ ಮೊಳೆ,

ನಿನಗೂ ಅತ್ತಿಗೆಗೂ ನಮಸ್ಕಾರ. ನೀನು ಊರು ಬಿಟ್ಟು ಎಂಟು ತಿಂಗಳಾಯಿತು. ಇಷ್ಟು ತಡವಾಗಿ ಬರೆಯುತ್ತಿರುವುದಕ್ಕೆ ಕ್ಷಮಿಸು ಎನ್ನಲೂ ಮುಖವಿಲ್ಲ. ಅಚ್ಚುಮೊಳೆ ಜೋಡಿಸುವ ನಿನ್ನನ್ನು ಮೊಳೆ ಎಂದೂ, ಪುಸ್ತಕಕ್ಕೆ ರಟ್ಟು ಕಟ್ಟುವ ನನ್ನನ್ನು ಗೋಂದು ಎಂದೂ ಕರೆದುಕೊಳ್ಳುವ ಸಲಿಗೆ ನಮ್ಮಲ್ಲಿ ಇನ್ನೂ ಉಳಿದಿದೆಯೋ ಇಲ್ಲವೋ ತಿಳಿಯದು. ಆದರೂ ಬೇರೆ ಹೆಸರು ಹಿಡಿದು ಬರೆಯಲು ಕೈ ಒಪ್ಪಲಿಲ್ಲ.

ಹೋದ ಸೋಮವಾರ ಶಾಲೆಯ ಗುಮಾಸ್ತರು ಒಂದು ದಪ್ಪ ದಾಖಲಾತಿ ಪುಸ್ತಕ ತಂದರು. ಮೂರು ವರ್ಷದ ಹಿಂದೆ ನಾನೇ ಕಟ್ಟಿದ್ದು, ನೀರು ಬಿದ್ದು ರಟ್ಟು ಉಬ್ಬಿತ್ತು. ಬೆನ್ನಿನ ಬಟ್ಟೆ ಕಿತ್ತು, ಒಳಗೆ ಗಟ್ಟಿಗೆಂದು ಅಂಟಿಸಿದ್ದ ರದ್ದಿ ಕಾಗದವನ್ನು ಒದ್ದೆ ಮಾಡಿ ಸುಲಿಯುತ್ತಿದ್ದೆ. ನನ್ನದೇ ಸಹಿ ಕಂಡಿತು. ಅರವತ್ತು ಸಾವಿರ, ಸಾಲ ಪೂರ್ತಿ ಚುಕ್ತಾ. ನೀನು ಬರೆದು ನಾನು ಸಹಿ ಹಾಕಿದ ರಸೀದಿ!

ಮೇಜಿನ ಮೇಲೆ ಯಾರದ್ದೂ ಅಲ್ಲದ ಕಾಗದ ಕಂಡರೆ ಓದದೆ ಯಾವುದಾದರೂ ಪುಸ್ತಕದ ಬೆನ್ನಿಗೆ ಅಂಟಿಸುವುದು ನನ್ನ ಹಳೆಯ ಚಾಳಿ. ನನ್ನ ಸಾಲ ತೀರಿಸಿಲ್ಲವೆಂದು ನಾನು ಹಾಕಿದ್ದ ದಾವೆಗೆ ಕೋರ್ಟಿನಲ್ಲಿ ನೀನು, "ರಸೀದಿ ಇವನ ಮೇಜಿನ ಮೇಲೇ ಬಿಟ್ಟು ಬಂದೆ ಸ್ವಾಮಿ" ಎಂದಾಗ ನನ್ನ ವಕೀಲರು ಎಲ್ಲರಿಗೂ ಕೇಳುವ ಹಾಗೆ ನಕ್ಕಿದ್ದರು. ನನ್ನ ಲೆಕ್ಕದ ಪುಸ್ತಕದಲ್ಲಿ ಜಮೆ ಇರಲಿಲ್ಲ, ನಿನ್ನ ಕೈಯಲ್ಲಿ ಚೀಟಿ ಇರಲಿಲ್ಲ. ನಾನು ಗೆದ್ದೆ. ನೀನು ಅಚ್ಚಿನ ಯಂತ್ರ ಮಾರಿ ಎರಡನೆಯ ಸಲ ಹಣ ಕಟ್ಟಿದೆ.

ಮಂಗಳವಾರ ವಕೀಲರ ಕಚೇರಿಗೆ ಓಡಿದೆ. ತೀರ್ಪನ್ನು ಮತ್ತೆ ಪರಿಶೀಲಿಸಬೇಕೆಂದು ಅರ್ಜಿ ಹಾಕಿ ಎಂದೆ. ಅವರು ಕನ್ನಡಕ ತೆಗೆದು, "ಗೆದ್ದೋರು ಬಂದು ತೀರ್ಪು ಬದಲಾಯಿಸಿ ಅನ್ನೋದನ್ನ ನಾನು ಇದೇ ಮೊದಲು ನೋಡ್ತಿರೋದು. ದುಡ್ಡು ವಾಪಸ್ ಕೊಟ್ಟು ಸುಮ್ನಿರಿ" ಎಂದರು. ದುಡ್ಡೇನೋ ಕೊಡಬಹುದು. "ಪ್ರತಿವಾದಿಯ ಮಾತು ನಂಬಲು ಅರ್ಹವಲ್ಲ" ಎಂದು ಜಡ್ಜ್ ಬರೆದ ಸಾಲು ನಿನ್ನ ಹೆಸರಿನ ಕೆಳಗೆ ಹಾಗೇ ಇರುತ್ತದಲ್ಲ! ಪಟ್ಟು ಬಿಡಲಿಲ್ಲ. ಕೊನೆಗೆ, ನೀನೂ ಸಹಿ ಹಾಕಿದರೆ ಇಬ್ಬರ ಹೆಸರಿನಲ್ಲೂ ಅರ್ಜಿ ಕೊಡೋಣ, ಆಗ ಕೋರ್ಟು ಕಿವಿಗೊಟ್ಟೀತು ಎಂದರು. ಕಾಗದ ಇದರ ಜೊತೆಗಿದೆ, ಗುರುತು ಹಾಕಿದ ಕಡೆ ಸಹಿ ಮಾಡಬೇಕು. ಇಪ್ಪತ್ತಾರನೆಯ ತಾರೀಖಿನೊಳಗೆ ಬಂದರೆ ಸಾಕು.

ಮನೆಯವಳು ನಿನ್ನ ಹಣ ಬಂದ ದಿನವೇ, "ಅಣ್ಣನ ಮಷಿನ್ ಮಾರಿಸಿದ ದುಡ್ಡಲ್ಲಿ ನನಗೇನೂ ತರಬೇಡಿ" ಎಂದಿದ್ದಳು. ಈಗ, "ಕೋರ್ಟು ಆಮೇಲೆ, ಮೊದ್ಲು ಅವರಿಗೆ ಬರೀರಿ" ಎಂದು ಎದುರಿಗೇ ಕೂತಿದ್ದಾಳೆ. ಹಣ ಬಡ್ಡಿ ಸಮೇತ ತೆಗೆದಿಟ್ಟಿದ್ದೇನೆ. ನಿನ್ನ ಯಂತ್ರ ಕೊಂಡವನನ್ನೂ ಕಂಡು ಬಂದೆ, ಅವನು ಅದನ್ನು ಗುಜರಿಗೆ ಹಾಕಿದ್ದಾನೆ. ಈ ಸುದ್ದಿ ಮುಚ್ಚಿಡಬಾರದು ಅನ್ನಿಸಿತು.

ಅತ್ತಿಗೆಯ ಮಂಡಿನೋವು ಕಡಿಮೆಯಾಗಲಿ. ಮೊಮ್ಮಗಳಿಗೆ ನನ್ನ ಆಶೀರ್ವಾದ, ನೂರು ಕಾಲ ಬಾಳಲಿ.

ನಿನ್ನ,
ಗೋಂದು

ತಾ.ಕ.: ಅರ್ಜಿಯಲ್ಲಿ ವಕೀಲರು "ಮರೆತುಹೋಗಿತ್ತು" ಎಂದು ಬರೆದಿದ್ದಾರೆ. ದಾವೆ ಹಾಕಿದಾಗ ಅದು ನಿಜವೇ. ಆದರೆ ಕಟಕಟೆಯಲ್ಲಿ ನೀನು, "ಅವತ್ತು ಇವನ ಬೆರಳು ಕುಯ್ದಿತ್ತು, ನೋಟೆಲ್ಲ ನಾನೇ ಎಣಿಸಿಟ್ಟೆ" ಎಂದ ಕೂಡಲೇ ನನಗೆ ಎಲ್ಲ ನೆನಪಾಯಿತು. ಆಮೇಲೆ ನೀನು ಜಡ್ಜ್ ಕಡೆ ತಿರುಗಿ, "ಇವನು ಸುಳ್ಳು ಹೇಳೋನಲ್ಲ ಸ್ವಾಮಿ, ಮರ್ತಿದಾನೆ ಅಷ್ಟೆ" ಎಂದೆ. ನಾನು ಎದ್ದು ನಿಲ್ಲಲಿಲ್ಲ. ಎಲ್ಲರ ಎದುರು ಮಾನ ಹೋಗುತ್ತದೆಂದು ತಲೆ ತಗ್ಗಿಸಿ ಕೂತೆ. ಇದನ್ನೂ ಅರ್ಜಿಯಲ್ಲಿ ಸೇರಿಸಲು ಹೇಳಿದ್ದೇನೆ, ಶಿಕ್ಷೆಯಾದೀತು ಎಂದು ವಕೀಲರು ಬೈದರು. ಆಗಲಿ. ನಿನಗೆ ಹೇಳದೆ ಜಡ್ಜ್ ಎದುರು ಹೇಳಲು ನನಗೆ ಬಾಯಿ ಬರಲಿಲ್ಲ.